ನದಾಫ: ಒಂದು ಅಡ್ಡಹೆಸರಿನ ಅರ್ಥ ಮತ್ತು ಋಣ

ಕಳೆದ ವರ್ಷದ ಒಂದು ಸಂಜೆ. ಮಗ್ರಿಬ್ ನಮಾಝ್ ಮುಗಿಸಿ ಮನೆಗೆ ಬಂದಾಗ ನಮ್ಮ ಮಗಳು ಶಾಲೆಯಿಂದ ತಂದ ಹಾಳೆಯೊಂದನ್ನು ಮುಂದಿಟ್ಟಳು. ಎಸ್.ಎಸ್.ಎಲ್.ಸಿ. ಪರೀಕ್ಷೆಗೆ ಹೆಸರು ನೋಂದಾಯಿಸುವ ಮುನ್ನ ವಿದ್ಯಾರ್ಥಿಯ ಹೆಸರು, ತಂದೆ-ತಾಯಿಯ ಹೆಸರು, ಹುಟ್ಟಿದ ದಿನಾಂಕ ಸರಿಯಾಗಿವೆಯೇ ಎಂದು ನೋಡಿ, ಸಹಿ ಹಾಕಿ ಮರುದಿನವೇ ಮರಳಿಸಬೇಕಾದ ಹಾಳೆ ಅದು. ಅಂಕಪಟ್ಟಿಯಲ್ಲಿ ಒಮ್ಮೆ ಅಚ್ಚಾದ ಹೆಸರು ಮುಂದೆ ಎಲ್ಲ ದಾಖಲೆಗಳಿಗೂ ಆಧಾರವಾಗುತ್ತದೆ ಎಂಬುದು ಓದುಗರಿಗೆ ತಿಳಿದದ್ದೇ.

"ಅಪ್ಪಾ, ಇದರಾಗಿನ ನದಾಫ ಅನ್ನೋದನ್ನ ತೆಗಿಸಿಬಿಡೂಣು. ಬರೇ ನನ್ನ ಹೆಸರು ಸಾಕು" ಎಂದಳು.

ಏಕೆಂದು ಕೇಳಿದೆವು.

"ಹಂಗಂದ್ರ ಏನಂತ ಎಲ್ಲಾರೂ ಕೇಳ್ತಾರ. ಗೊತ್ತಿದ್ದವರು ಗಾದಿ ಹಿಂಜೋರು ಅಂತ ನಗತಾರ."

ನಾವು ಮದ್ರಸಾದಲ್ಲಿ ಅರಬ್ಬಿ ವ್ಯಾಕರಣ ಕಲಿಸುವವರು. ಪದವಿಗೆ ಕನ್ನಡವನ್ನು ಓದಿದವರು. ಒಂದು ಶಬ್ದದ ಅರ್ಥ ಹೇಳುವುದು ನಮ್ಮ ನಿತ್ಯದ ಕಾಯಕ. ಆದರೂ ಆ ಸಂಜೆ ಉತ್ತರ ಕೂಡಲೇ ಬಾಯಿಗೆ ಬರಲಿಲ್ಲ. ಅದಕ್ಕೆ ಕಾರಣವಿದೆ, ಅದನ್ನು ಹೇಳುವ ಮೊದಲು ಶಬ್ದದ ಕಥೆಯನ್ನೇ ಹೇಳುವುದು ಉಚಿತ.

'ನದಾಫ' ಎಂಬುದು ಅರಬ್ಬಿಯ 'ನದ್ದಾಫ್' ಎಂಬ ಪದ. ನೂನ್, ದಾಲ್, ಫಾ ಎಂಬ ಮೂರು ಅಕ್ಷರಗಳು ಅದರ ಮೂಲಧಾತು. 'ನದಫ' ಎಂದರೆ ಹತ್ತಿಯನ್ನು ಬಡಿದು, ಎಳೆ ಬಿಡಿಸಿ, ಹಗುರಗೊಳಿಸಿದನು ಎಂದರ್ಥ. ಹಾಗೆ ಹಿಂಜಿದ ಹತ್ತಿಗೆ 'ನದೀಫ್' ಎನ್ನುತ್ತಾರೆ. ಅದರ ಒಂದು ಸಣ್ಣ ಎಸಳಿಗೆ 'ನುದ್‌ಫಃ' ಎಂದು ಹೆಸರು. ಆಕಾಶದಿಂದ ಇಳಿಯುವ ಹಿಮದ ಹಲುಕಿಗೂ ಅರಬರು ಇದೇ ಶಬ್ದವನ್ನು ಬಳಸುತ್ತಾರೆ. ಅರಬ್ಬಿಯಲ್ಲಿ ಒಂದು ಕೆಲಸವನ್ನು ಕಸುಬಾಗಿ ಮಾಡುವವನನ್ನು ಸೂಚಿಸಲು 'ಫಅ್ಆಲ್' ಎಂಬ ಅಚ್ಚು ಇದೆ. ಬಡಗಿ 'ನಜ್ಜಾರ್', ರೊಟ್ಟಿ ಸುಡುವವನು 'ಖಬ್ಬಾಝ್', ಸುಗಂಧ ಮತ್ತು ಮೂಲಿಕೆ ಮಾರುವವನು 'ಅತ್ತಾರ್', ನಾಣ್ಯ ವಿನಿಮಯ ಮಾಡುವವನು 'ಸರ್ರಾಫ್', ಮಾಂಸ ಮಾರುವವನು 'ಕಸ್ಸಾಬ್'. ಇದೇ ಅಚ್ಚಿನಲ್ಲಿ ಎರಕಗೊಂಡದ್ದು 'ನದ್ದಾಫ್'.

ಈ ಶಬ್ದಗಳು ಅರಬ್ಬಿಯಿಂದ ಪಾರ್ಸಿಗೆ, ಪಾರ್ಸಿಯಿಂದ ದಖ್ಖನಿಗೆ, ಅಲ್ಲಿಂದ ನಮ್ಮ ಕನ್ನಡಕ್ಕೆ ಬಂದವು. ವಕೀಲ, ಅರ್ಜಿ, ತಾರೀಖು ಬಂದ ಹಾದಿಯೇ ಅದು. ಹಾದಿಯಲ್ಲಿ ಕೆಲವು ಒತ್ತಕ್ಷರಗಳು ಸವೆದುಹೋದವು. ಕಸ್ಸಾಬ್ ಕಸಾಬನಾದ, ಸರ್ರಾಫ್ ಸರಾಫನಾದ, ನದ್ದಾಫ್ ನದಾಫನಾದ. ಅತ್ತಾರನೊಬ್ಬ ತನ್ನ ಒತ್ತನ್ನು ಉಳಿಸಿಕೊಂಡ.

ಮದ್ರಸಾದಲ್ಲಿ ಓದುವಾಗ ಈ ಅಚ್ಚನ್ನು ವಿವರಿಸಿದ ನಮ್ಮ ಗುರುಗಳು ನಿಮ್ಮ ಊರುಗಳಲ್ಲಿ ಬಳಕೆಯಲ್ಲಿರುವ ಇಂತಹ ಶಬ್ದಗಳನ್ನು ಹೇಳಿರೆಂದು ತರಗತಿಯನ್ನು ಕೇಳಿದ್ದರು. ಒಬ್ಬನು ಅತ್ತಾರ ಎಂದ, ಇನ್ನೊಬ್ಬನು ದಲ್ಲಾಲ ಎಂದ. ನಮ್ಮ ನಾಲಿಗೆಯ ತುದಿಯಲ್ಲಿ ನಮ್ಮದೇ ಹೆಸರು ಇತ್ತು. ನಾವು ಕೈ ಎತ್ತಲಿಲ್ಲ. ಊಟದ ದಸ್ತರಖಾನಿನ ಮೇಲೆ ಹಿರಿಯ ವಿದ್ಯಾರ್ಥಿಯೊಬ್ಬ ಅದಾಗಲೇ ನಮ್ಮನ್ನು ಕಸುಬಿನ ಹೆಸರಿನಿಂದ ಕೂಗಿ ನಗಿಸಿದ್ದ.

ಇದಕ್ಕಿಂತ ಕೆಟ್ಟದ್ದನ್ನೂ ಒಮ್ಮೆ ಮಾಡಿದೆವು. ಒಂದು ಮದುವೆಯ ಮಾತುಕತೆಯಲ್ಲಿ ಹಿರಿಯರೊಬ್ಬರು ನದಾಫ ಎಂದರೇನು ಎಂದು ಕೇಳಿದಾಗ, "ನಜಾಫತ್ ಎಂಬುದರಿಂದ ಬಂದದ್ದು, ಶುಚಿಯಾದವರು ಎಂದರ್ಥ" ಎಂದುಬಿಟ್ಟೆವು. ಶುಚಿತ್ವವನ್ನು ಸೂಚಿಸುವ ಪದದಲ್ಲಿರುವುದು 'ಝಾ' ಎಂಬ ಬೇರೆಯದೇ ಅಕ್ಷರ, ದಾಲ್ ಅಲ್ಲ. ಅರಬ್ಬಿಯ ಮೊದಲ ವರ್ಷದ ವಿದ್ಯಾರ್ಥಿಗೂ ಗೊತ್ತಾಗುವ ತಪ್ಪು. ನಮಗೆ ಗೊತ್ತಿತ್ತು, ಗೊತ್ತಿದ್ದೇ ಹೇಳಿದೆವು. ಕಸುಬಿನ ಅರ್ಥವನ್ನು ಮರೆಮಾಚಲು ಕಲಿತ ವಿದ್ಯೆಯನ್ನೇ ಬಳಸಿದ ಆ ಮಾತಿಗಾಗಿ ಇಂದಿಗೂ ಅಲ್ಲಾಹನಲ್ಲಿ ಕ್ಷಮೆ ಬೇಡುತ್ತೇವೆ.

ನದಾಫರಿಗೆ ನಮ್ಮ ನಾಡಿನಲ್ಲಿ ಇನ್ನೊಂದು ಹೆಸರಿದೆ: ಪಿಂಜಾರ. ರಾಜ್ಯದ ಹಿಂದುಳಿದ ವರ್ಗಗಳ ಪಟ್ಟಿಯ ಪ್ರವರ್ಗ 1ರಲ್ಲಿಯೂ ಈ ಎರಡು ಹೆಸರುಗಳು ಜೊತೆಯಾಗಿಯೇ ಇವೆ. ಎರಡರ ಅರ್ಥವೂ ಒಂದೇ, ಬಂದ ದಿಕ್ಕು ಮಾತ್ರ ಬೇರೆ. ಸಂಸ್ಕೃತದ 'ಪಿಂಜನ' ಎಂದರೆ ಹತ್ತಿ ಹಿಂಜುವುದು; ಮರಾಠಿ, ಗುಜರಾತಿಗಳಲ್ಲಿಯೂ ಈ ಕಸುಬಿನವರಿಗೆ ಇದೇ ಬಗೆಯ ಹೆಸರು. ಕನ್ನಡ ತರಗತಿಯಲ್ಲಿ ನಾವು ಓದಿದ ಒಂದು ನಿಯಮವನ್ನು ಇಲ್ಲಿ ನೆನೆಯಬಹುದು. ಹಳಗನ್ನಡದ ಪಕಾರ ಮುಂದೆ ಹಕಾರವಾಗುತ್ತದೆ: ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪೂ ಹೂವಾಯಿತು. ಹಾಗೆಯೇ ಪಿಂಜು ಹಿಂಜು ಆಯಿತು. "ಒಂದೇ ವಿಷಯವನ್ನು ಎಷ್ಟು ಹಿಂಜುತ್ತೀರಿ?" ಎಂದು ಗದರುವವರು ತಮಗರಿವಿಲ್ಲದೆ ಪಿಂಜಾರರ ಕಸುಬಿನ ಮಾತನ್ನೇ ಆಡುತ್ತಿರುತ್ತಾರೆ. ಒಂದೇ ಸಮುದಾಯ ಅರಬ್ಬಿಯ ಹೆಸರನ್ನೂ ಈ ನೆಲದ ಹೆಸರನ್ನೂ ಹೊತ್ತು ನಡೆದಿದೆ. ಉತ್ತರ ಕರ್ನಾಟಕದ ಎಷ್ಟೋ ನದಾಫ ಮನೆಗಳಲ್ಲಿ ಆಡುವ ಮಾತು ಕನ್ನಡವೇ. ನಮ್ಮ ಮನೆಯದೂ ಅದೇ. ನೆರೆಯ ಆಂಧ್ರದಲ್ಲಿ ಇದೇ ಕಸುಬಿನವರು ದೂದೇಕುಲದವರು. ಉತ್ತರ ಭಾರತದಲ್ಲಿ ಧುನಿಯಾ. ಅಲ್ಲಿನ ಅನೇಕರು ಹಿ.ಶ. 309ರಲ್ಲಿ, ಅಂದರೆ ಕ್ರಿ.ಶ. 922ರಲ್ಲಿ, ಬಗ್ದಾದಿನಲ್ಲಿ ಮರಣದಂಡನೆಗೆ ಗುರಿಯಾದ ಮನ್ಸೂರ್ ಹಲ್ಲಾಜ್ ಅವರ ನೆನಪಿನಲ್ಲಿ 'ಮನ್ಸೂರಿ' ಎಂದು ಬರೆದುಕೊಳ್ಳುತ್ತಾರೆ. 'ಹಲ್ಲಾಜ್' ಎಂಬುದೂ ಹತ್ತಿಯ ಕಸುಬಿನ ಹೆಸರೇ: ಹತ್ತಿಯಿಂದ ಕಾಳು ಬೇರ್ಪಡಿಸುವವನು.

ಗದಗ, ಹುಬ್ಬಳ್ಳಿ, ಧಾರವಾಡಗಳ ಕರಿ ನೆಲ ಹತ್ತಿಯ ನೆಲ. ನಮ್ಮ ತಂದೆಯವರು ಅಲ್ಲಿನ ಹಳ್ಳಿಗಳಲ್ಲಿ ಬಿಲ್ಲು ಹೊತ್ತು ತಿರುಗಿದವರು. ಆಳೆತ್ತರದ ಮರದ ಬಿಲ್ಲು. ಅದಕ್ಕೆ ಪ್ರಾಣಿಯ ಕರುಳಿನಿಂದ ಹೊಸೆದ ಹುರಿ. ಬಲಗೈಯಲ್ಲಿ ಹುರಿಯನ್ನು ಮಿಡಿಯಲು ಮರದ ಗುಂಡು. ಯಾರದಾದರೂ ಮನೆಯ ಪಡಸಾಲೆಯಲ್ಲಿ ಕುಳಿತು, ವರ್ಷಗಟ್ಟಲೆ ಮೈಭಾರಕ್ಕೆ ಸಿಕ್ಕಿ ಹಲಗೆಯಂತೆ ಗಟ್ಟಿಯಾದ ಗಾದಿಯನ್ನು ಬಿಚ್ಚಿ ಹತ್ತಿಯನ್ನು ರಾಶಿ ಹಾಕುತ್ತಿದ್ದರು. ಹುರಿಯನ್ನು ಆ ರಾಶಿಯೊಳಗೆ ಇಳಿಸಿ ಗುಂಡಿನಿಂದ ಹೊಡೆದರೆ ತಂಬೂರಿಯಂತಹ ನಾದ. ಪ್ರತಿ ಪೆಟ್ಟಿಗೂ ಒಂದು ಹಿಡಿ ಹತ್ತಿ ಮೇಲೆದ್ದು ಹಾರಿ ಪಕ್ಕಕ್ಕೆ ಬೀಳುತ್ತಿತ್ತು. ಅಸರ್ ಹೊತ್ತಿಗೆ ಅವರ ಹುಬ್ಬು, ಗಡ್ಡ, ಟೊಪ್ಪಿಗೆ ಎಲ್ಲವೂ ಬೆಳ್ಳಗಾಗಿರುತ್ತಿದ್ದವು. ಹತ್ತಿಯ ಧೂಳು ಎದೆಗೂ ಇಳಿಯುತ್ತಿತ್ತು. ಕೊನೆಯ ವರ್ಷಗಳ ಕೆಮ್ಮು ನಮಗೆ ಇಂದಿಗೂ ಕೇಳಿಸಿದಂತಾಗುತ್ತದೆ.

ಮಕ್ಕಳಿಗೆ ಅಲ್ ಕಾರಿಅಃ ಅಧ್ಯಾಯವನ್ನು ಕಲಿಸುವಾಗಲೆಲ್ಲ ಆ ಪಡಸಾಲೆ ನೆನಪಾಗುತ್ತದೆ. ಅಂತಿಮ ದಿನದಂದು ಪರ್ವತಗಳ ಸ್ಥಿತಿಯನ್ನು ಅಲ್ಲಿ ಹಿಂಜಿದ ಬಣ್ಣದ ಉಣ್ಣೆಗೆ ಹೋಲಿಸಲಾಗಿದೆ. ಅಲ್ಲಿ ಬಂದಿರುವ ಪದ 'ಮನ್‌ಫೂಶ್'; ಧಾತು ಬೇರೆ, ಚಿತ್ರ ಮಾತ್ರ ನಮ್ಮ ತಂದೆಯವರ ಕಣ್ಣೆದುರಿನದೇ. ಕಲ್ಲಿನಂತೆ ಗಟ್ಟಿಯಾದದ್ದು ಉಸಿರಿಗೆ ಹಾರುವಷ್ಟು ಹಗುರಾಗುವುದೆಂದರೇನೆಂದು ವ್ಯಾಖ್ಯಾನ ಗ್ರಂಥ ಓದದೆಯೇ ಅವರಿಗೆ ತಿಳಿದಿತ್ತು.

ಕಸುಬಿನ ಹೆಸರು ಹೊತ್ತವರು ನಾವೊಬ್ಬರೇ ಅಲ್ಲ. ನಮ್ಮ ಸುತ್ತಲಿನ ಬಾಗವಾನ ಎಂದರೆ ತೋಟಗಾರ; ನಾಲಬಂದ ಎಂದರೆ ಕುದುರೆಗೆ ಲಾಳ ಹೊಡೆಯುವವನು; ಶಿಕ್ಕಲಗಾರ ಎಂದರೆ ಆಯುಧಗಳಿಗೆ ಸಾಣೆ ಹಿಡಿದು ಹೊಳಪು ಕೊಡುವವನು. ಇವುಗಳನ್ನು ಕೇಳಿ ನಗುವವರು ನಮ್ಮ ಧರ್ಮಗ್ರಂಥಗಳ ಕರ್ತೃಗಳ ಹೆಸರುಗಳನ್ನೂ ಒಮ್ಮೆ ಗಮನವಿಟ್ಟು ಓದಬೇಕು. ಹದೀಸ್ ವರದಿಗಾರರ ವಿಶ್ವಾಸಾರ್ಹತೆಯನ್ನು ಅಳೆದ ಮಹಾನ್ ಪರೀಕ್ಷಕ, ಬಸರಾದ ಯಹ್ಯಾ ಬಿನ್ ಸಈದ್ (ಮರಣ ಹಿ.ಶ. 198) 'ಅಲ್ ಕತ್ತಾನ್', ಅಂದರೆ ಹತ್ತಿಯವರು. ಆ 'ಕುತ್ನ್' ಎಂಬ ಪದವೇ ಇಂಗ್ಲಿಷಿಗೆ ಹೋಗಿ 'ಕಾಟನ್' ಆಗಿದೆ. ವಕ್ಫ್ ಕಾನೂನಿನ ಮೇಲೆ ಗ್ರಂಥ ರಚಿಸಿದ ಹನಫೀ ವಿದ್ವಾಂಸ ಅಬೂಬಕರ್ ಅಲ್ ಖಸ್ಸಾಫ್ (ಮರಣ ಹಿ.ಶ. 261) ಪಾದರಕ್ಷೆ ಹೊಲಿದು ಜೀವಿಸಿದವರು, 'ಖಸ್ಸಾಫ್' ಎಂಬುದರ ಅರ್ಥವೇ ಅದು. ಕುರ್‌ಆನಿನ ವಿಧಿಗಳ ಕುರಿತು ಬರೆದ ಅಬೂಬಕರ್ ಅಲ್ ಜಸ್ಸಾಸ್ (ಮರಣ ಹಿ.ಶ. 370) ಅವರ ಹೆಸರು ಗಾರೆಯ ಕೆಲಸದಿಂದ ಬಂದದ್ದು. ಮರ್ವ್ ಪಟ್ಟಣದ ಅಸ್ಸಮ್‌ಆನೀ (ಮರಣ ಹಿ.ಶ. 562) ಇಂತಹ ಅಡ್ಡಹೆಸರುಗಳನ್ನೇ ಕಲೆಹಾಕಿ 'ಅಲ್ ಅನ್ಸಾಬ್' ಎಂಬ ಬೃಹತ್ ಕೋಶವನ್ನು ರಚಿಸಿದರು. ಈ ಹಿರಿಯರು ಕಸುಬಿನ ಹೆಸರನ್ನು ಗ್ರಂಥದ ಮುಖಪುಟದಿಂದ ಅಳಿಸಲಿಲ್ಲ. ನಾವು ಅವರ ಗ್ರಂಥಗಳನ್ನು ಭಕ್ತಿಯಿಂದ ಓದಿದೆವು; ಅವರ ಹೆಸರುಗಳನ್ನು ಮಾತ್ರ ಅರ್ಥ ಮಾಡಿಕೊಳ್ಳದೆ ಓದಿದೆವು.

ಒಂದು ಆಕ್ಷೇಪವನ್ನು ಇಲ್ಲಿ ಮುಚ್ಚಿಡಲಾಗದು. ಹನಫೀ ಫಿಕ್ಹ್ ಗ್ರಂಥಗಳಲ್ಲಿ 'ಕಫಾಅತ್' ಎಂಬ ಅಧ್ಯಾಯವಿದೆ. ವಿವಾಹದಲ್ಲಿ ವಧೂವರರ ಸಮಾನತೆಯ ಆ ಚರ್ಚೆಯಲ್ಲಿ ಕಸುಬಿನ ಪ್ರಸ್ತಾಪವೂ ಬರುತ್ತದೆ. ಸಂಬಂಧ ಮುರಿಯುವವರು ಅದನ್ನೇ ಆಸರೆಯಾಗಿ ಹಿಡಿಯುತ್ತಾರೆ. ಆದರೆ ಆ ಚರ್ಚೆ ನಿಂತಿರುವುದು ಆಯಾ ಕಾಲದೇಶಗಳ ವಾಡಿಕೆಯ ಮೇಲೆ. ವಧುವಿಗೂ ಆಕೆಯ ವಲಿಗೂ ಮುಂದೆ ತೊಂದರೆಯಾಗದಿರಲೆಂಬ ಮುನ್ನೆಚ್ಚರಿಕೆ ಅದು. ಅವರು ಒಪ್ಪಿದರೆ ಆ ವಿವಾಹಕ್ಕೆ ಅಡ್ಡಿಯಿಲ್ಲ. ಅಲ್ಲಾಹನ ಬಳಿ ಯಾರು ಮೇಲು, ಯಾರು ಕೀಳು ಎಂಬುದರ ತೀರ್ಮಾನ ಅದಲ್ಲ. ಇಮಾಮ್ ಮಾಲಿಕ್(ರ) ಅವರಂತೂ ಧರ್ಮನಿಷ್ಠೆಗೇ ಪ್ರಾಧಾನ್ಯ ಕೊಟ್ಟರು. ಕುರೈಶ್ ಕುಲದ ಫಾತಿಮಾ ಬಿಂತಿ ಕೈಸ್(ರ) ಅವರಿಗೆ, ವಿಮೋಚಿತ ಗುಲಾಮರ ಪುತ್ರರಾದ ಉಸಾಮಾ ಬಿನ್ ಝೈದ್(ರ) ಅವರನ್ನು ವರಿಸುವಂತೆ ಸಲಹೆಯಿತ್ತವರು ಸ್ವತಃ ಪ್ರವಾದಿವರ್ಯರು(ಸ). ಸ್ವಂತ ಕೈಗಳ ದುಡಿಮೆಯ ಅನ್ನಕ್ಕಿಂತ ಉತ್ತಮ ಅನ್ನವಿಲ್ಲವೆಂದೂ, ಪ್ರವಾದಿ ದಾವೂದ್(ಅ) ತಮ್ಮ ಕೈದುಡಿಮೆಯಿಂದಲೇ ಉಣ್ಣುತ್ತಿದ್ದರೆಂದೂ ಅವರು ಕಲಿಸಿದ್ದಾರೆ. ಒಂದು ಜನವರ್ಗವು ಇನ್ನೊಂದನ್ನು ಗೇಲಿ ಮಾಡುವುದನ್ನೂ ಅಡ್ಡಹೆಸರಿಟ್ಟು ಕರೆದು ನೋಯಿಸುವುದನ್ನೂ ಅಲ್ ಹುಜುರಾತ್ ಅಧ್ಯಾಯದ 11ನೆಯ ಸೂಕ್ತ ನಿಷೇಧಿಸುತ್ತದೆ. ಕುಲಗೋತ್ರಗಳಿರುವುದು ಪರಸ್ಪರ ಗುರುತಿಸಲಿಕ್ಕಾಗಿ ಎಂದು 13ನೆಯ ಸೂಕ್ತ ತಿಳಿಸುತ್ತದೆ. ಹಾಗಿರುವಾಗ ಗುರುತಿನ ಹೆಸರು ಮರೆಮಾಚುವ ಹೆಸರಾದದ್ದು ಹೇಗೆ? ತಪ್ಪು ನಕ್ಕವರದು ಮಾತ್ರವಲ್ಲ. ನಕ್ಕಾಗ ತಲೆ ತಗ್ಗಿಸಿದ ನಮ್ಮದೂ ಹೌದು.

ಇದೇ ನಾವು ಮಗಳೆದುರು ಮೂಕರಾದುದರ ಕಾರಣ. ಮದ್ರಸಾ ಶಿಕ್ಷಣ ಮುಗಿದು ಸನದಿಗೆ ಹೆಸರು ಬರೆದುಕೊಡುವಾಗ ನಾವು ನದಾಫ ಎಂಬುದನ್ನು ಬಿಟ್ಟಿದ್ದೆವು. ಯಾರೂ ಬಿಡೆಂದು ಹೇಳಿರಲಿಲ್ಲ. ದಸ್ತಾರಬಂದಿಯ ದಿನ ತಂದೆಯವರು ಒಗೆದ ಬಿಳಿ ಅಂಗಿ ತೊಟ್ಟು ಬಂದು ಹಿಂದಿನ ಸಾಲಿನಲ್ಲಿ ಕುಳಿತಿದ್ದರು. ನಮ್ಮ ಹೆಸರು ಕೂಗಿದರು. ನಾವು ಎದ್ದು ಹೋಗಿ ಪೇಟ ಸುತ್ತಿಸಿಕೊಂಡೆವು. ಮರಳುವಾಗ ಬಸ್ಸಿನಲ್ಲಿ ತಂದೆಯವರು ಸನದನ್ನು ತೊಡೆಯ ಮೇಲಿಟ್ಟುಕೊಂಡು ಬಹಳ ಹೊತ್ತು ನೋಡಿದರು. ಅವರಿಗೆ ಓದಲು ಬರುತ್ತಿರಲಿಲ್ಲ. ಕೂಗಿದ್ದನ್ನು ಮಾತ್ರ ಕೇಳಿದ್ದರು.

"ಹೆಸರು ಭಾಳ ಸಣ್ಣದು ಮಾಡ್ಯಾರಲ್ಲೋ ತಮ್ಮಾ" ಎಂದರು.

ಮಾಡಿದವರು ನಾವೇ ಎಂದು ಹೇಳಲು ಧೈರ್ಯ ಬರಲಿಲ್ಲ. ಅವರು ಮತ್ತೆ ಆ ಮಾತೆತ್ತಲಿಲ್ಲ. ನಮ್ಮ ಓದಿನ ಖರ್ಚೆಲ್ಲ ಆ ಬಿಲ್ಲಿನ ಹುರಿಯಿಂದ ಬಂದದ್ದು. ಅವರು ತೀರಿಕೊಂಡ ಮೇಲೆ, ಮಗಳನ್ನು ಶಾಲೆಗೆ ಸೇರಿಸುವಾಗ, ಅವಳ ಹೆಸರಿನ ಮುಂದೆ ನದಾಫ ಎಂದು ಬರೆಸಿದೆವು. ಏಕೆ ಬರೆಸಿದೆವೆಂದು ಅವಳಿಗೆ ಎಂದೂ ಹೇಳಿರಲಿಲ್ಲ.

ಆ ಸಂಜೆ ಹೇಳಿದೆವು. ಶಬ್ದದ ಅರ್ಥ, ಅಜ್ಜನ ಬಿಲ್ಲು, ಮದುವೆಯ ಮನೆಯಲ್ಲಿ ನಾವಾಡಿದ ಸುಳ್ಳು, ಬಸ್ಸಿನಲ್ಲಿ ಅಜ್ಜ ಆಡಿದ ಮಾತು, ಎಲ್ಲವನ್ನೂ. ಬಳಿಕ, ಹೆಸರು ನಿನ್ನದು, ತೀರ್ಮಾನವೂ ನಿನ್ನದು, ತೆಗೆಸಬೇಕೆಂದರೆ ನಾಳೆ ನಾವೇ ಬಂದು ತಿದ್ದಿಸುತ್ತೇವೆ ಎಂದೆವು. ಅವಳು ಏನೂ ಹೇಳದೆ ಹಾಳೆಯನ್ನು ಒಳಗೆ ಒಯ್ದಳು. ಇಶಾ ನಮಾಝಿನ ಬಳಿಕ ಬಂದು, "ನೀವು ಹೇಳಿದಂಗ ಒತ್ತು ಕೊಟ್ಟು ನದ್ದಾಫ ಅಂತ ಬರೀಬೇಕೇನು?" ಎಂದು ಕೇಳಿದಳು.

ಬೇಡ ಎಂದೆವು. ನಿನ್ನ ಅಜ್ಜ ಹೇಗೆ ಅನ್ನುತ್ತಿದ್ದರೋ ಹಾಗೆಯೇ ಇರಲಿ.

ಇಂದು ಹತ್ತಿ ಹಿಂಜುವುದು ಯಂತ್ರದ ಕೆಲಸವಾಗಿದೆ. ಮನೆಮನೆಗೆ ಫೋಮಿನ ಹಾಸಿಗೆ ಬಂದಿದೆ. ಬಿಲ್ಲಿನ ನಾದ ನಮ್ಮ ಬೀದಿಗಳಲ್ಲಿ ಕೇಳಿಸುವುದಿಲ್ಲ. ಕಸುಬು ಹೋದರೂ ಅದರ ಹೆಸರು ನಮ್ಮ ಬಳಿ ಉಳಿದಿದೆ. ಓದುಗ ಸಹೋದರ ಸಹೋದರಿಯರೇ, ನಿಮ್ಮ ಮಕ್ಕಳು ಅಡ್ಡಹೆಸರಿನ ಅರ್ಥ ಕೇಳಿದರೆ ನಿಜವಾದ ಅರ್ಥವನ್ನೇ ಹೇಳಿ. ಆ ಹೆಸರಿನ ಹಿಂದೆ ಹಲಾಲಾದ ಅನ್ನಕ್ಕಾಗಿ ಬೆವರಿಳಿಸಿದ ಯಾರೋ ಒಬ್ಬ ಅಜ್ಜ, ಒಬ್ಬ ಅಜ್ಜಿ ಇದ್ದೇ ಇರುತ್ತಾರೆ.

ನಮ್ಮ ತಂದೆ-ತಾಯಂದಿರ ದುಡಿಮೆಯನ್ನು ಅಲ್ಲಾಹನು ಸ್ವೀಕರಿಸಲಿ. ಅವರ ಹೆಸರನ್ನು ಸಣ್ಣದು ಮಾಡಿದ ನಮ್ಮನ್ನು ಕ್ಷಮಿಸಲಿ. ಆಮೀನ್.