ಒಂಬತ್ತು ಗಂಟೆ ಎರಡು ನಿಮಿಷ

ಅಪ್ಪನಿಗೆ ವಾರಕ್ಕೆ ಮೂರು ದಿನ ಡಯಾಲಿಸಿಸ್, ಒಂದು ಸಲಕ್ಕೆ ನಾಲ್ಕು ಗಂಟೆ. ಯಂತ್ರದ ಪರದೆಯ ಮೇಲೆ ಉಳಿದ ಸಮಯ ಇಳಿಯುತ್ತಿರುತ್ತದೆ. ಅದರ ಕಡೆ ಕಣ್ಣು ಹೋಗಬಾರದೆಂದು ನನ್ನ ಕೈಯಲ್ಲಿ ಏನಾದರೂ ಓದಿಸುತ್ತಿದ್ದರು. ಒಂದು ಮಂಗಳವಾರ ಬೋರ್ಹೆಸ್‌ನ ‘ಗುಪ್ತ ಪವಾಡ’ ಕತೆಯನ್ನು ಇಂಗ್ಲಿಷಿನಿಂದ ಬಾಯಲ್ಲೇ ಕನ್ನಡ ಮಾಡುತ್ತಾ ಓದಿದೆ. ವಿದ್ವಾಂಸನೊಬ್ಬನ ಕತೆ ಅನ್ನುವುದಷ್ಟೇ ನೆನಪಿತ್ತು. ಸಾವಿನ ಕತೆಯೂ ಹೌದೆಂದು ಹೊಳೆಯುವಷ್ಟರಲ್ಲಿ ಅಪ್ಪ ಕಿವಿಗೊಟ್ಟಾಗಿತ್ತು.

ಯಾರೊಮೀರ್ ಹ್ಲಾದಿಕ್ ಪ್ರಾಗ್ ನಗರದವನು. ಶಾಶ್ವತದ ಬಗ್ಗೆ ಎರಡು ಸಂಪುಟ ಬರೆದು, ಕಾಲವೆಂಬುದೇ ಒಂದು ತಪ್ಪು ತರ್ಕ ಎಂದು ವಾದಿಸಿದವನು. 1939ರ ಮಾರ್ಚ್‌ನಲ್ಲಿ ನಾಜಿಗಳು ಅವನನ್ನು ಹಿಡಿಯುತ್ತಾರೆ. ಅವನು ಯಹೂದಿ. ಜೊತೆಗೆ, ಅವನ ಅನುವಾದವೊಂದನ್ನು ಪ್ರಕಾಶಕರು ತಮ್ಮ ಪಟ್ಟಿಯಲ್ಲಿ ವಿಪರೀತ ಹೊಗಳಿದ್ದರು, ಅದನ್ನೋದಿದ ಅಧಿಕಾರಿ ಇವನನ್ನು ದೊಡ್ಡ ಆಸಾಮಿ ಎಂದುಕೊಂಡ. (ಬೆನ್ನುಡಿ ಬರೆಯುವವರು ಗಮನಿಸಬೇಕು.) ಮಾರ್ಚ್ 29ರ ಬೆಳಿಗ್ಗೆ ಒಂಬತ್ತಕ್ಕೆ ಗುಂಡು.

ಅವನ ಪದ್ಯನಾಟಕವೊಂದು ಅರ್ಧಕ್ಕೆ ನಿಂತಿದೆ. ಒಂದು ವರ್ಷ ಕೊಡು ಎಂದು ದೇವರನ್ನು ಕೇಳುತ್ತಾನೆ. ಕನಸಿನಲ್ಲೊಂದು ಗ್ರಂಥಾಲಯ. ಅಲ್ಲಿನ ಗ್ರಂಥಪಾಲಕ ಪುಸ್ತಕಗಳ ಒಂದು ಅಕ್ಷರದಲ್ಲಿ ಅಡಗಿರುವ ದೇವರನ್ನು ಹುಡುಕಿ ಹುಡುಕಿ ಕುರುಡನಾದವನು. ಯಾರೋ ಹಿಂದಿರುಗಿಸಿದ ಭೂಪಟದ ಪುಸ್ತಕ ತೆರೆದರೆ ಇಂಡಿಯಾದ ನಕ್ಷೆ. ಅದರ ಪುಟ್ಟದೊಂದು ಅಕ್ಷರವನ್ನು ಹ್ಲಾದಿಕ್ ಮುಟ್ಟುತ್ತಾನೆ, ಕೇಳಿದ ಕಾಲ ಮಂಜೂರಾಗುತ್ತದೆ.

‘ಯಾವ ಊರಿನ ಅಕ್ಷರ?’ ಎಂದರು ಅಪ್ಪ.

‘ಬರೆದಿಲ್ಲಪ್ಪ.’

‘ಗದಗ ಇರ್ಬೇಕು’ ಎಂದು ನಕ್ಕರು.

ಮರುದಿನ ಸಿಪಾಯಿಗಳು ಬಂದೂಕು ಎತ್ತಿದಾಗ ಜಗತ್ತು ನಿಲ್ಲುತ್ತದೆ. ಅವನ ಕೆನ್ನೆಯ ಮೇಲಿನ ಮಳೆಹನಿ ನಿಲ್ಲುತ್ತದೆ, ಅಂಗಳದ ಹಾಸಿನ ಮೇಲೆ ಜೇನುನೊಣದ ನೆರಳು ನಿಲ್ಲುತ್ತದೆ. ಮನಸ್ಸು ಮಾತ್ರ ನಡೆಯುತ್ತದೆ. ಕಾಗದವಿಲ್ಲ, ಓದುಗರಿಲ್ಲ. ಒಂದು ವರ್ಷ ತಲೆಯೊಳಗೇ ನಾಟಕ ತಿದ್ದುತ್ತಾನೆ. ಕೊನೆಗೆ ಒಂದೇ ಒಂದು ವಿಶೇಷಣ ಬಾಕಿ. ಅದೂ ಸಿಗುತ್ತದೆ. ಹನಿ ಜಾರುತ್ತದೆ. ಗಂಟೆ ಒಂಬತ್ತು ಎರಡು.

ನಾನು ಫೋನು ಕೆಳಗಿಟ್ಟು ಸುಮ್ಮನೆ ಕೂತೆ. ಅಪ್ಪ ಮೇಷ್ಟರ ಗತ್ತಿನಲ್ಲೇ ಶುರುಮಾಡಿದರು. ‘ನಮ್ಮ ರೈವತನಿಗೆ ಉಲ್ಟಾ ಆಯ್ತು ನೋಡು. ಮಗಳಿಗೆ ಗಂಡು ಕೇಳೋಕೆ ಬ್ರಹ್ಮಲೋಕಕ್ಕೆ ಹೋಗಿ, ಒಂದು ಗಳಿಗೆ ಸಂಗೀತ ಕೇಳಿ ಬರೋದ್ರೊಳಗೆ ಇಲ್ಲಿ ಇಪ್ಪತ್ತೇಳು ಚತುರ್ಯುಗ ಕಳೆದುಹೋಗಿತ್ತು.’ ಆಮೇಲೆ ಹೇಳಿದರು: ‘ಕಾಗದ ಇಲ್ದೆ ಬರೆದ ಅಂದ್ರೆ ನಂಬ್ತೀನಿ ಕಣೇ. ನಮ್ಮಜ್ಜಿಗೆ ಓದೇ ಬರ್ತಿರ್ಲಿಲ್ಲ, ಗಮಕ ಕೇಳಿ ಕೇಳಿ ಎಷ್ಟು ಪದ್ಯ ಬಾಯಿಗೆ ಬರ್ತಿತ್ತು! ಅವನು ಪದ್ಯದಲ್ಲಿ ಬರೀತಿದ್ದ, ಛಂದಸ್ಸು ಕಾಪಾಡ್ತು. ಗದ್ಯ ಆಗಿದ್ರೆ ಮುಗೀತಿರ್ಲಿಲ್ಲ.’

ಗದಗ ಎಂದದ್ದಕ್ಕೆ ಕಾರಣವಿತ್ತು. ನಿವೃತ್ತಿಯಾದಾಗಿನಿಂದ ಅಪ್ಪ ಕುಮಾರವ್ಯಾಸನ ಪದಗಳಿಗೊಂದು ಕೋಶ ಮಾಡುತ್ತಿದ್ದರು. ಚಪ್ಪಲಿಯ ರಟ್ಟಿನ ಡಬ್ಬಿಗಳ ತುಂಬ ಚೀಟಿಗಳು. ಕೈ ನಡುಗತೊಡಗಿದ ಮೇಲೆ ‘ಮ’ಕ್ಕೆ ನಿಂತಿತ್ತು. ಇನ್ನೊಂದು ವರ್ಷ ಸಿಕ್ಕರೆ ಮುಗಿಸುತ್ತೇನೆ ಎಂದು ಅವರು ಅನ್ನುತ್ತಿದ್ದದ್ದು ನನಗೆ ಆ ಕತೆ ಓದುವಾಗ ನೆನಪಾಗಲಿಲ್ಲ. ಅವರಿಗೆ ಆಗಿತ್ತು.

ಗುರುವಾರ ಹೊರಡುವಾಗ ‘ಖಾಲಿ ಚೀಟಿ ತಗೋ’ ಎಂದರು. ಅಲ್ಲಿಂದ ನಾಲ್ಕು ಗಂಟೆಯೂ ಅವರು ಹೇಳುವುದು, ನಾನು ಬರೆಯುವುದು. ರಕ್ತದೊತ್ತಡ ಇಳಿದ ದಿನ ಎರಡೇ ಪದ. ‘ಯ’ ಬೇಗ ಮುಗಿಯಿತು, ‘ರ’ ತಿಂಗಳುಗಟ್ಟಲೆ ಹಿಡಿಯಿತು. ನರ್ಸಮ್ಮ ‘ಸರ್, ಪರೀಕ್ಷೆಗೆ ಓದ್ತಿದೀರಾ?’ ಎಂದು ರೇಗಿಸುತ್ತಿದ್ದರು.

ಬೋರ್ಹೆಸ್ ಆ ಕತೆ ಪ್ರಕಟಿಸಿದ್ದು 1943ರಲ್ಲಿ. 1955ರಲ್ಲಿ ಅರ್ಜೆಂಟೀನಾದ ರಾಷ್ಟ್ರೀಯ ಗ್ರಂಥಾಲಯದ ನಿರ್ದೇಶಕನಾದಾಗ ಅವನಿಗೇ ಓದಲು ಕಣ್ಣಿರಲಿಲ್ಲ. ಇದನ್ನು ಹೇಳಿದಾಗ ಅಪ್ಪ ಬಹಳ ಹೊತ್ತು ಮಾತಾಡಲಿಲ್ಲ. ‘ಬರೆದುಕೊಳ್ಳೋರು ಇದ್ರು ತಾನೆ?’ ಎಂದು ಕೇಳಿದರು. ಅವನ ತಾಯಿ ಇದ್ದಳು, ಓದಿ ಹೇಳುತ್ತಿದ್ದಳು, ಬರೆದುಕೊಳ್ಳುತ್ತಿದ್ದಳು ಎಂದೆ.

ಅಪ್ಪನಿಗೆ ಪೂರ್ತಿ ವರ್ಷ ಸಿಗಲಿಲ್ಲ. ‘ವ’ದಲ್ಲಿದ್ದೆವು. ಅವತ್ತಿನ ಕಡೆಯ ಪದ ‘ವಹಿಲ’. ನಾನು ‘ಬೇಗ’ ಎಂದು ಬರೆಯಹೊರಟೆ. ‘ತಡಿ. ಬೇಗ ಅಂದ್ರೆ ಸಾಲದು, ಅದರಲ್ಲಿ ಇನ್ನೇನೋ ಇದೆ. ಶನಿವಾರ ಹೇಳ್ತೀನಿ’ ಎಂದರು.

ಡಬ್ಬಿಗಳು ಈಗ ನನ್ನ ಬೀರುವಿನ ಮೇಲಿವೆ. ಆ ಚೀಟಿಯಲ್ಲಿ ಪದವಿದೆ, ಪಕ್ಕದಲ್ಲಿ ಪರ್ವ, ಸಂಧಿ, ಪದ್ಯದ ಸಂಖ್ಯೆ. ಕೆಳಗೆ ಗೆರೆ ಎಳೆದು ಜಾಗ ಬಿಟ್ಟಿದ್ದೇನೆ.