ಗೆರೆಯಾಚೆಯ ಬಳ್ಳಾರಿ

ಬಳ್ಳಾರಿ ಬಿಟ್ಟ ಬಸ್ಸು ಆಂಧ್ರದ ಹಾಲಹರವಿ ದಾಟಿ ಆಲೂರಿನತ್ತ ಓಡುತ್ತಿತ್ತು. ಅಂಗಡಿ ಬೋರ್ಡುಗಳೆಲ್ಲ ಆಗಲೇ ತೆಲುಗಾಗಿದ್ದವು. ಎರೆಹೊಲ, ಹತ್ತಿ, ಜೋಳ ಮಾತ್ರ ಬಳ್ಳಾರಿಯವೇ. ಪಕ್ಕದ ಸೀಟಿನ ಅಜ್ಜ ಫೋನಿನಲ್ಲಿ ಮಗನಿಗೆ ತೆಲುಗಿನಲ್ಲಿ ಬೈದು ಮುಗಿಸಿ, ನನ್ನತ್ತ ತಿರುಗಿ "ಯಾವೂರ್ರೀ ನಿಮ್ದು?" ಎಂದ. ಹೇಳಿದೆ. "ನಮ್ದು ಆದೋನಿ. ನಾನು ಹುಟ್ಟಿದಾಗ ಅದೂ ಬಳ್ಳಾರಿ ಜಿಲ್ಲಾನೇ!"

ಹೌದಲ್ಲ! ಪ್ರತ್ಯೇಕ ಆಂಧ್ರ ರಾಜ್ಯಕ್ಕಾಗಿ ಉಪವಾಸ ಕೂತಿದ್ದ ಪೊಟ್ಟಿ ಶ್ರೀರಾಮುಲು 1952ರ ಡಿಸೆಂಬರಿನಲ್ಲಿ ಪ್ರಾಣ ಬಿಟ್ಟರು. ತೆಲುಗು ನಾಡು ಹೊತ್ತಿ ಉರಿಯಿತು. 1953ರ ಅಕ್ಟೋಬರ್ 1ಕ್ಕೆ ಆಂಧ್ರ ರಾಜ್ಯ ಹುಟ್ಟಿದಾಗ ಆದೋನಿ, ಆಲೂರು, ರಾಯದುರ್ಗ ಆ ಕಡೆ ಹೋದವು, ಬಳ್ಳಾರಿ ಮೈಸೂರಿಗೆ ಬಂತು. ಆ ಸಂಭ್ರಮಕ್ಕೆ ಹಾಕಿದ್ದ ಚಪ್ಪರ ಕಾಯುತ್ತಿದ್ದ ಪೈಲ್ವಾನ್ ರಂಜಾನ್ ಸಾಬ್ ಆಸಿಡ್ ಬಲ್ಬಿನ ದಾಳಿಗೆ ಬಲಿಯಾದರು. ಕನ್ನಡಕ್ಕಾಗಿ ಜೀವ ಕೊಟ್ಟ ಆ ಹೆಸರನ್ನು ನಮ್ಮ ಮಕ್ಕಳಿಗೆ ಎಷ್ಟು ಮಂದಿ ಹೇಳಿದ್ದೇವೆ?

ಆದೋನಿ ಇಳಿದರೆ ಹತ್ತಿ ಮಾರುಕಟ್ಟೆ, ಜಿನ್ನಿಂಗ್ ಮಿಲ್ಲು, ಎಲ್ಲಕ್ಕೂ ಮೇಲೆ ಬಂಡೆಗುಡ್ಡದ ಕೋಟೆ. ನಾನು ಬೆರಗಾಗಿ ನಿಂತದ್ದು ಮಾತ್ರ ಜಾಮಿಯಾ ಮಸೀದಿಯ ಮುಂದೆ. ಕಟ್ಟಿಸಿದವನು ಸಿದ್ದಿ ಮಸೂದ್ ಖಾನ್, ಆಫ್ರಿಕಾ ಮೂಲದ ಹಬಶಿ. ಬಿಜಾಪುರದ ಆದಿಲ್‌ಶಾಹಿಯಲ್ಲಿ ಮಂತ್ರಿಯಾಗಿದ್ದವನು. ಅವನ ಕಾಲದಲ್ಲೇ, ಹದಿನೇಳನೆಯ ಶತಮಾನದಲ್ಲಿ, ಆಫ್ರಿಕನ್ನರನ್ನು ಸರಪಳಿ ಹಾಕಿ ಕೆರಿಬಿಯನ್ ದ್ವೀಪಗಳ ಕಬ್ಬಿನ ತೋಟಗಳಿಗೆ ಸಾಗಿಸುತ್ತಿದ್ದರು. ಬಾರ್ಬಡೋಸಿನಲ್ಲಿ ಅವರಿಗೆ ಚಾಟಿಯೇಟು ಬೀಳುತ್ತಿದ್ದ ಕಾಲಕ್ಕೆ, ಇಲ್ಲಿ ಅವರ ಪೈಕಿಯವನೊಬ್ಬ ಕೋಟೆ ಆಳುತ್ತಿದ್ದ!

ಮಠದ ಕಥೆಯ ಪ್ರಕಾರ ರಾಘವೇಂದ್ರ ಸ್ವಾಮಿಗಳಿಗೆ ಮಂಚಾಲೆ ಗ್ರಾಮ ಬಿಟ್ಟುಕೊಟ್ಟವನೂ ಆದೋನಿಯ ಈ ನವಾಬನೇ. ಅದೇ ತುಂಗಭದ್ರೆಯ ದಂಡೆಯ ಇವತ್ತಿನ ಮಂತ್ರಾಲಯ. ಸ್ವಾಮಿಗಳು ಹುಟ್ಟಿದ್ದು ತಮಿಳು ಸೀಮೆಯ ಭುವನಗಿರಿಯಲ್ಲಿ, 1671ರಲ್ಲಿ ಬೃಂದಾವನಸ್ಥರಾದದ್ದು ಇಲ್ಲಿ. ಯಾರು ಒಳಗಿನವರು, ಯಾರು ಹೊರಗಿನವರು ಎಂದು ಲೆಕ್ಕ ಹಾಕುವವರು ಒಮ್ಮೆ ಈ ತುಂಗಭದ್ರೆಯ ದಂಡೆಗೆ ಬರಬೇಕು.

ಹಾಗಂತ ಎಲ್ಲ ಸುಖವೆಂದಲ್ಲ. ಆದೋನಿಯ ಸುತ್ತ ಇನ್ನೂ ಕನ್ನಡ ಶಾಲೆಗಳಿವೆ. ಮಗಳನ್ನು ಅಲ್ಲಿ ಓದಿಸಿದ ತಾಯಿಯೊಬ್ಬಳು ಚಹಾದಂಗಡಿಯಲ್ಲಿ ಸಿಕ್ಕಳು. "ಮುಂದ ಕೆಲ್ಸಕ್ಕ ಎಲ್ಲಿಗೆ ಕಳಸ್ಲಿ ಅಣ್ಣಾ? ಇಲ್ಲಿಯೋರು ಕನ್ನಡದವ್ರು ಅಂತಾರ, ಅಲ್ಲಿಯೋರು ಆಂಧ್ರದವ್ರು ಅಂತಾರ." ನಾನು ಚಹಾದ ದುಡ್ಡು ಕೊಡಹೋದೆ. ಬಿಡಲಿಲ್ಲ, ನಮ್ಮೂರಿಗೆ ಬಂದವರು ನೀವು ಎಂದಳು.