ಎಣ್ಣೆ ಹಚ್ಚಿದ ಜಡೆ, ಏಳದ ಕಾಗದ

ತಲೆ ಬಾಚಿದ ಹಣಿಗೆಯನ್ನು ಕಾಗದದ ಚೂರುಗಳ ಹತ್ತಿರ ಹಿಡಿದರೆ ಅವು ಹಾರಿ ಬಂದು ಅಂಟಿಕೊಳ್ಳುತ್ತವೆ. ಶಾಲೆಗೆ ಹೋದವರೆಲ್ಲ ಓದಿರುವ ಪ್ರಯೋಗ ಇದು. ಆದರೆ ಎಷ್ಟು ಜನರ ಕೈಯಲ್ಲಿ ಅದು ನಿಜವಾಗಿ ಆಗಿದೆ ಎಂದು ಕೇಳಿದರೆ ಉತ್ತರ ಬೇರೆಯೇ.

ಕಂಪ್ಲಿಯಲ್ಲಿರುವ ಅಕ್ಕನ ಮಗಳು ಏಳನೇ ತರಗತಿ. ಹೋದ ಮಳೆಗಾಲದಲ್ಲಿ ಅವಳ ಶಾಲೆಯಲ್ಲಿ ಮಕ್ಕಳಿಂದ ಈ ಪ್ರಯೋಗ ಮಾಡಿಸಿದರಂತೆ. ಅವಳ ಕಾಗದ ಅಲುಗಲಿಲ್ಲ. ಸರಿಯಾಗಿ ಉಜ್ಜಿಲ್ಲ ಎಂದು ಹೇಳಿ ಕೂರಿಸಿದರು.

"ನನಗ ಸೈನ್ಸ್ ಹತ್ತಂಗಿಲ್ಲ ಬಿಡು ಮಾಮಾ" ಅಂದಳು. ಹನ್ನೆರಡು ವರ್ಷಕ್ಕೇ ಅಷ್ಟು ದೊಡ್ಡ ತೀರ್ಮಾನ. ಅವಳ ಜಡೆ ಮುಟ್ಟಿ ನೋಡಿದೆ. ಬೆರಳಿಗೆ ಕೊಬ್ಬರಿ ಎಣ್ಣೆ ಹತ್ತಿತು.

ಉಜ್ಜುವುದರಿಂದ ವಿದ್ಯುತ್ತು ಹೊಸದಾಗಿ ಹುಟ್ಟುವುದಿಲ್ಲ. ಎರಡು ಬೇರೆ ಬೇರೆ ವಸ್ತುಗಳು ತಾಗಿ ಅಗಲಿದಾಗ ಒಂದರ ಎಲೆಕ್ಟ್ರಾನುಗಳು ಇನ್ನೊಂದಕ್ಕೆ ದಾಟುತ್ತವೆ. ಪಡೆದದ್ದಕ್ಕೆ ಋಣ ಆವೇಶ, ಕಳೆದುಕೊಂಡದ್ದಕ್ಕೆ ಧನ ಆವೇಶ. ನಡುವೆ ಎಣ್ಣೆ ಇದ್ದರೆ ಕೂದಲು, ಹಣಿಗೆ ಒಂದಕ್ಕೊಂದು ಸರಿಯಾಗಿ ತಾಗುವುದೇ ಇಲ್ಲ. ಗಾಳಿಯಲ್ಲಿ ತೇವವಿದ್ದರೆ ವಸ್ತುವಿನ ಮೈಮೇಲೆ ಕಣ್ಣಿಗೆ ಕಾಣದ ನೀರಿನ ಪದರ ಕೂರುತ್ತದೆ. ಬಂದ ಆವೇಶ ಅದರ ಮೂಲಕ ಸೋರಿಹೋಗುತ್ತದೆ. ಮಳೆಗಾಲದ ಕಂಪ್ಲಿಯೆಂದರೆ ಪಕ್ಕದಲ್ಲಿ ತುಂಗಭದ್ರೆ, ಸುತ್ತ ನೀರು ನಿಂತ ಭತ್ತದ ಗದ್ದೆ. ಹುಡುಗಿಯ ಕೈಯಲ್ಲಿ ದೋಷವಿರಲಿಲ್ಲ.

ಇಂಗ್ಲೆಂಡಿನ ವೈದ್ಯ ವಿಲಿಯಂ ಗಿಲ್ಬರ್ಟ್ 1600ರಲ್ಲಿ ಪ್ರಕಟಿಸಿದ 'ಡಿ ಮ್ಯಾಗ್ನೆಟ್' ಪುಸ್ತಕದಲ್ಲಿ, ಉಜ್ಜಿದ ವಸ್ತುಗಳ ಸೆಳೆತ ತೇವದ ಗಾಳಿಯಲ್ಲಿ ಕುಂದುವುದನ್ನೂ ಬರೆದಿಟ್ಟಿದ್ದಾನೆ. ಅವನಿಗೆ ಅದು ತಿಳಿವಳಿಕೆಯಾಯಿತು, ಇವಳಿಗೆ ತಪ್ಪಾಯಿತು. ಪಿಎಚ್‌.ಡಿ. ಮಾಡುವ ನಮ್ಮಂಥವರು ಫಲ ಬಾರದ ಪ್ರಯೋಗವನ್ನೂ ದಿನಾಂಕ ಹಾಕಿ ಬರೆದಿಡುತ್ತೇವೆ. ಮಕ್ಕಳಿಗೆ ಮಾತ್ರ ಆ ಹಕ್ಕಿಲ್ಲ.

ಜನವರಿಯಲ್ಲಿ ಸಂಡೂರಿನ ಅಜ್ಜಿಯ ಮನೆಯಲ್ಲಿ ಎಲ್ಲರೂ ಸೇರಿದ್ದೆವು. ತುಟಿ ಒಡೆಯುವಷ್ಟು ಒಣ ಗಾಳಿ. ಹೊಸಪೇಟೆಯಲ್ಲಿ ಕೊಂಡಿದ್ದ ಒಂದು ಗೇಣು ಪಿವಿಸಿ ಪೈಪಿನ ತುಂಡನ್ನು ಅಜ್ಜಿಯ ಕುರಿ ಉಣ್ಣೆಯ ಕಂಬಳಿಗೆ ಉಜ್ಜಲು ಅವಳಿಗೆ ಹೇಳಿದೆ. ಉಣ್ಣೆ ಎಲೆಕ್ಟ್ರಾನು ಬಿಟ್ಟುಕೊಡುವ ಜಾತಿ, ಪಿವಿಸಿ ಸೆಳೆದುಕೊಳ್ಳುವ ಜಾತಿ. ಕಾಗದದ ಚೂರುಗಳು ಪುಟಿದೆದ್ದವು. ನಲ್ಲಿಯಿಂದ ದಾರದಂತೆ ಇಳಿಯುತ್ತಿದ್ದ ನೀರಿನ ಹತ್ತಿರ ಹಿಡಿದರೆ ನೀರು ಬಾಗಿತು. ಅದೇ ಕಂಬಳಿಗೆ ಉಜ್ಜಿದ ಎರಡು ಪ್ಲಾಸ್ಟಿಕ್ ಸ್ಟ್ರಾಗಳನ್ನು ದಾರಕ್ಕೆ ಕಟ್ಟಿ ಅಕ್ಕಪಕ್ಕ ತೂಗುಬಿಟ್ಟರೆ ಒಂದನ್ನೊಂದು ದೂರ ತಳ್ಳಿದವು.

ಅಜ್ಜಿಗೆ ಇದರಲ್ಲಿ ಹೊಸದೇನೂ ಕಾಣಲಿಲ್ಲ. "ನಾವು ಸಣ್ಣವರಿದ್ದಾಗ ಥಂಡಿ ದಿನದಾಗ ಕತ್ತಲಾಗ ಕಂಬಳಿ ಜಾಡಿಸಿದ್ರ ಚಟಚಟ ಕಿಡಿ ಹಾರತಿದ್ವವ್ವಾ" ಅಂದಳು. ಅವತ್ತು ರಾತ್ರಿ ದೀಪ ಆರಿಸಿ ಅಜ್ಜಿ, ಮೊಮ್ಮಗಳು ಇಬ್ಬರೂ ಕಂಬಳಿ ಜಾಡಿಸಿದರು. ನೀಲಿ ಕಿಡಿಗಳು ಕಂಡವು.

ಹಂಪಿ, ಹೊಸಪೇಟೆ ಕಡೆಯ ಮೇಷ್ಟ್ರುಗಳಿಗೆ ನನ್ನದೊಂದು ಕೋರಿಕೆ. ಹಣಿಗೆ ಬಿಡಿ. ಕಂಬಳಿಯ ಒಂದು ತುಂಡು, ಪೈಪಿನ ಒಂದು ತುಂಡು ಶಾಲೆಯ ಬೀರುವಿನಲ್ಲಿರಲಿ. ಜನವರಿಯಲ್ಲಿ ಒಮ್ಮೆ ಪ್ರಯೋಗ ಮಾಡಿಸಿ. ಜುಲೈನಲ್ಲಿ, ಮಳೆ ಹಿಡಿದ ದಿನ ನೋಡಿ, ಇನ್ನೊಮ್ಮೆ ಮಾಡಿಸಿ. ಕಾಗದ ಏಳದಿದ್ದರೆ ಯಾಕೆ ಎಂದು ಮಕ್ಕಳನ್ನೇ ಕೇಳಿ.